ಫೌಜಿನ ಬಾಗಿಲಿಗೆ ಹೋದ ಶಫೀಸಾಬ

ಹೊಳಿಯಮ್ಮ ಶಫೀಸಾಬನನ್ನು ಮೊದಲು ಕಂಡದ್ದು ಬಸ್ ನಿಲ್ದಾಣದ ಹಿಂದಿನ ತನ್ನ ರೊಟ್ಟಿ ಮನೆಯಲ್ಲಿ, ಕುಕನೂರು ಇನ್ನೂ ತಾಲೂಕು ಆಗಿರದ ಕಾಲದಲ್ಲಿ. ಗಂಡ ತೀರಿದ ಮೇಲೆ ಬೇವೂರಿನಿಂದ ಬಂದು ಅವಳು ಅಲ್ಲಿ ಒಲೆ ಹೂಡಿದ್ದಳು. ಸುತ್ತಲಿನ ಊರುಗಳ ಮದುವೆಗೆಲ್ಲ ಅವಳ ಖಡಕ್ ರೊಟ್ಟಿಯೇ ಆಗಬೇಕು. ಆ ದಿನ ಬಂದವನು ಬಲಗಾಲು ಎಳೆಯುತ್ತಿದ್ದ. ಒಂದು ರೊಟ್ಟಿ ಎತ್ತಿ ಬೆಳಕಿಗೆ ಹಿಡಿದ. ಅಂಚು ಮುರಿದು ಸದ್ದು ಕೇಳಿದ. ಇನ್ನೊಂದು ಎತ್ತಿದ.

"ರೊಟ್ಟಿ ನೋಡಾಕ ಬಂದಿಯೋ, ಕನ್ಯಾ ನೋಡಾಕ ಬಂದಿಯೋ?" ಎಂದಳು ಹೊಳಿಯಮ್ಮ.

"ಕನ್ಯಾ ಒಬ್ಬನ ಮನಿಗೆ ಹೋಗ್ತಾಳ ಅಕ್ಕಾ. ರೊಟ್ಟಿ ಇಡೀ ಪಂಗತಿಗೆ ಹೋಗಬೇಕು."

ಅವನು ಶಾದಿ ಅಡುಗೆಯ ಬಾವರ್ಚಿ ಎಂದೂ ಪರದೇಶದಿಂದ ಬಂದು ವರ್ಷ ತುಂಬಿಲ್ಲವೆಂದೂ ಆಮೇಲೆ ತಿಳಿಯಿತು. ಬಿಸಿಲಲ್ಲಿ ಬಂದವನೆಂದು ಮಜ್ಜಿಗೆ ಕೊಟ್ಟರೆ ಮುಟ್ಟಲಿಲ್ಲ. ಅವಳಿಗೆ ಮುಖಕ್ಕೆ ಹೊಡೆದಂತಾಯಿತು. ಆದರೂ ರೊಟ್ಟಿ ಕೊಟ್ಟಳು, ಯಾಕೆಂದರೆ ರೊಟ್ಟಿಯನ್ನು ಅಷ್ಟು ಲಕ್ಷ್ಯ ಕೊಟ್ಟು ನೋಡಿದ ಗಂಡಸು ಅವಳಿಗೆ ಅದುವರೆಗೆ ಸಿಕ್ಕಿರಲಿಲ್ಲ.

ಅಲ್ಲಿಂದ ಇಬ್ಬರದೂ ಕೂಡು ಕೆಲಸವಾಯಿತು. ಯಲಬುರ್ಗಾ, ಕುಷ್ಟಗಿ, ಒಮ್ಮೊಮ್ಮೆ ಗಂಗಾವತಿಯವರೆಗೂ ಅವನ ಅಡುಗೆಯ ದೊಡ್ಡ ಹಂಡೆ, ಆ ಡೇಗೆ, ಹೋದಲ್ಲಿ ಅವಳ ರೊಟ್ಟಿಯೂ ಹೋಗುತ್ತಿತ್ತು. ಅವನ ಕೈರುಚಿಗೆ ಹೆಸರಿತ್ತು. ಇಷ್ಟಾಗಿಯೂ ಅವನ ಸ್ವಂತ ಮನೆಯಲ್ಲಿ ಎರಡು ಒಲೆ ಉರಿಯುತ್ತಿದ್ದವು. ಈದ್ ಹಬ್ಬದ ದಿನ ಹೋದಾಗ ಹೊಳಿಯಮ್ಮ ಅದನ್ನು ಕಂಡಳು. ಒಂದರಲ್ಲಿ ಶಫೀಸಾಬ ಶೀರಕುರ್ಮಾ ಮಾಡುತ್ತಿದ್ದ. ಮೂಲೆಯ ಇನ್ನೊಂದರ ಮುಂದೆ ಅವನ ಅತ್ತೆ ಫಾತಿಮಾಬೀ ಕೂತು ತನ್ನೊಬ್ಬಳಿಗೆ ಒಂದು ಹಿಡಿ ಅನ್ನ ಬೇಯಿಸಿಕೊಳ್ಳುತ್ತಿದ್ದಳು. ಅಳಿಯ ಮಾಡಿದ್ದನ್ನು ಆಕೆ ತಿನ್ನುತ್ತಿರಲಿಲ್ಲ. ಆಕೆಯ ಮಗಳು, ಶಫೀಸಾಬನ ಹೆಂಡತಿ ಶಮೀನಾ, ಎರಡೂ ಒಲೆಗೆ ಕಟ್ಟಿಗೆ ಒಟ್ಟುತ್ತಿದ್ದಳು, ಯಾರ ಮುಖವನ್ನೂ ನೋಡದೆ.

ಕಾರಣವನ್ನು ಶಫೀಸಾಬ ಒಂದೇ ಸಲ ಹೇಳಲಿಲ್ಲ. ಒಂದು ಮದುವೆಯಲ್ಲಿ ಉಳ್ಳಾಗಡ್ಡಿ ಹೆಚ್ಚುತ್ತ ಒಂದಿಷ್ಟು, ಇನ್ನೊಂದರಲ್ಲಿ ಡೇಗೆ ತೊಳೆಯುತ್ತ ಇನ್ನಿಷ್ಟು ಹೇಳಿದ. ಹೊಳಿಯಮ್ಮ ಕೇಳಿ ಕೇಳಿ ಕೂಡಿಸಿಕೊಂಡಳು.

ಅವನು ದುಬೈ ಏಜೆಂಟನ ಕೈಯಿಂದ ಅಫಘಾನಿಸ್ತಾನಕ್ಕೆ ಅಡುಗೆ ಕೆಲಸಕ್ಕೆ ಹೋಗಿದ್ದ. ಜೊತೆಗೆ ಹೆಂಡತಿಯ ತಮ್ಮ ನಜೀಬನನ್ನೂ ಕರೆದೊಯ್ದಿದ್ದ. ನಜೀಬ ಫಾತಿಮಾಬೀಗೆ ಒಬ್ಬನೇ ಮಗ. ಅಲ್ಲಿ ಒಂದು ಗೋಡೆ. ಗೋಡೆಯ ಈಚೆ, ಯುರೋಪಿನ ದೇಶಗಳೆಲ್ಲ ಸೇರಿ ಕಟ್ಟಿಕೊಂಡ ಒಕ್ಕೂಟದ ಮನೆ. ಅವರು ಆ ನಾಡಿನ ಪೊಲೀಸರಿಗೆ ತರಬೇತಿ ಕೊಡಲು ಬಂದವರು, ಇವರಿಬ್ಬರೂ ಅವರ ಅಡುಗೆಯವರು. ಆಚೆ, ಹಲವು ದೇಶಗಳ ಸೈನ್ಯ ಸೇರಿದ ಫೌಜಿನ ಕೂಟದ ಠಾಣ್ಯ. ಅದು ಬೇರೆ ಸಂಸ್ಥೆ, ಅದಕ್ಕೆ ಬೇರೆ ಕರಾರು. ಆದರೆ ಎರಡೂ ಕಡೆ ಹೆಚ್ಚುಕಡಿಮೆ ಅವೇ ದೇಶಗಳು, ಅವೇ ಬಾವುಟಗಳು.

ಆ ಒಕ್ಕೂಟಕ್ಕೂ ಈ ಕೂಟಕ್ಕೂ ಕಾಗದದ ಮೇಲೆ ಮಾತಿರಲಿಲ್ಲ. ಕೂಟದಲ್ಲಿದ್ದು ಒಕ್ಕೂಟದಲ್ಲಿಲ್ಲದ ಒಂದು ದೇಶ, ಒಕ್ಕೂಟದಲ್ಲಿದ್ದು ಕೂಟದಲ್ಲಿಲ್ಲದ ಇನ್ನೊಂದು ದೇಶ, ಇವೆರಡಕ್ಕೂ ಒಂದು ನಡುಗಡ್ಡೆಯ ಸಲುವಾಗಿ ಹಳೆಯ ಜಗಳ. ಕರಾರು ಬರೆಯೋಣವೆಂದರೆ ಒಮ್ಮೆ ಇದು ಬಿಡದು, ಒಮ್ಮೆ ಅದು ಒಪ್ಪದು. ಹೀಗಾಗಿ ಒಕ್ಕೂಟದವರನ್ನು ಫೌಜು ಕಾಯಬೇಕೆಂದಾಗಲಿ, ಗಾಯವಾದರೆ ಫೌಜಿನ ದವಾಖಾನೆಗೆ ತೆಗೆದುಕೊಳ್ಳಬೇಕೆಂದಾಗಲಿ ಎಲ್ಲಿಯೂ ಬರೆದಿರಲಿಲ್ಲ. ಹೊಳಿಯಮ್ಮನಿಗೆ ಇದು ಥಟ್ಟನೆ ತಿಳಿಯಿತು. ಅವಳ ಬೇವೂರಿನಲ್ಲೂ ಗುಡಿಯ ಕಮಿಟಿಯಲ್ಲಿ ಇದ್ದವರೇ ಹಾಲಿನ ಸಂಘದಲ್ಲಿದ್ದರು. ಅಲ್ಲಿ ಕೈಮುಗಿದವರು ಇಲ್ಲಿ ಮುಖ ತಿರುವುತ್ತಿದ್ದರು.

ಆದರೂ ನಡೆದುಕೊಂಡು ಹೋಗುತ್ತಿತ್ತು. ನಡೆಸಿದ್ದು ಶಫೀಸಾಬನ ಡೇಗೆ. ಶುಕ್ರವಾರ ಅವನು ಬಿರಿಯಾನಿಗೆ ದಮ್ ಹಾಕಿದರೆ ಗೋಡೆಯಾಚೆಯ ಸಿಪಾಯಿಗಳು ತಟ್ಟೆ ಹಿಡಿದು ಬರುತ್ತಿದ್ದರು. ಅವರ ಕ್ಯಾಪ್ಟನ್ ಕೈಯಲ್ಲಿ ಕಲಸಿ ತಿನ್ನುವುದನ್ನು ಇವನಿಂದಲೇ ಕಲಿತ. ಶನಿವಾರ ಅಡುಗೆಯವರು ಪೇಟೆಗೆ ಹೊರಟರೆ, ಕೇಳದಿದ್ದರೂ ಫೌಜಿನ ಗಾಡಿ ಹಿಂದೆ ಬರುತ್ತಿತ್ತು. ಕ್ಯಾಪ್ಟನ್ ಊರಿಗೆ ಹೋಗಿ ಹೊಸಬ ಬಂದ. ಹೊಸಬನೂ ಉಂಡ, ಚೆನ್ನಾಗಿಯೇ ಉಂಡ. ಆದರೆ ಗಾಡಿ ಬರುವುದು ನಿಂತಿತು. ಅವನು ಕಾಗದ ನೋಡುವ ಮನುಷ್ಯ.

ಒಂದು ಶನಿವಾರ ದಾರಿಯಲ್ಲಿ ಬಾಂಬು ಸಿಡಿಯಿತು. ನಜೀಬನ ಹೊಟ್ಟೆಗೆ ಬಡಿಯಿತು, ಶಫೀಸಾಬನ ಕಾಲಿಗೆ. ಒಕ್ಕೂಟದ ಮನೆಯಲ್ಲಿ ಅವರ ಮೇಲಿನವನಾಗಿದ್ದ ಹಿಮನಾಡಿನ ಸಾಹೇಬ ಅಂದು ರಜೆಯಲ್ಲಿದ್ದ. ಗಾಡಿ ಇನ್ನೂ ನಡೆಯುತ್ತಿತ್ತು. ಅಲ್ಲಿಯವನೇ ಆದ ಡ್ರೈವರ್ ಎತ್ತ ಹೋಗಲೆಂದು ಕೇಳಿದ. ಊರಿನ ದವಾಖಾನೆ ಪೇಟೆಯ ಬಾಜೂಕೇ ಇತ್ತು. ಫೌಜಿನದು ದೂರ, ಆದರೆ ದೊಡ್ಡದು. ಶಫೀಸಾಬ ಫೌಜಿನ ಕಡೆ ಕೈ ತೋರಿಸಿದ. ನಮ್ಮ ಸೀಮೆಯಲ್ಲಿ ಹುಟ್ಟಿದವನು ಇನ್ನೇನು ಮಾಡಿಯಾನು? ಉಪ್ಪು ಉಂಡ ಮನೆಗೆ ವೈರಿಯೂ ಬಾಗಿಲು ಹಾಕಲಾರ ಎಂದು ಕೇಳಿಯೇ ಬೆಳೆದವನು.

ಬಾಗಿಲಲ್ಲಿ ನಿಂತಿದ್ದ ಸಿಪಾಯಿ ಹಿಂದಿನ ದಿನವಷ್ಟೇ ಅವನ ಕೈಯಲ್ಲಿ ಎರಡನೆಯ ಸಲ ಬಡಿಸಿಕೊಂಡಿದ್ದ. ಗುರುತು ಹಿಡಿದ, ಹೆಸರು ಹಿಡಿದು ಕರೆದ. ನೀವು ಒಕ್ಕೂಟದವರು, ಮೇಲೆ ಕೇಳಬೇಕು ಎಂದ. ಮೇಲಿನವರು ಇನ್ನೂ ಮೇಲೆ ಕೇಳಿದರು. ನಜೀಬ ಅಕ್ಕನ ಗಂಡನ ತೊಡೆಯ ಮೇಲೆ ನೀರು ಬೇಡುತ್ತಿದ್ದ. ಕೊನೆಗೆ ಒಪ್ಪಿಗೆ ಬಂತು, ಬಾಗಿಲೂ ತೆರೆಯಿತು. ಯಾರೂ ಇಲ್ಲವೆನ್ನಲಿಲ್ಲ. ಆದರೆ ಅಷ್ಟು ಹೊತ್ತಿಗೆ ನಜೀಬ ನೀರು ಬೇಡುವುದನ್ನು ನಿಲ್ಲಿಸಿದ್ದ.

ಹೆಣದೊಡನೆ ಊರಿಗೆ ಬಂದ ಶಫೀಸಾಬ ಅತ್ತೆಯ ಮುಂದೆ ಇದ್ದದ್ದು ಇದ್ದಂತೆ ಹೇಳಿದ. ಕೇಳಿದವರು ಫೌಜಿನವರನ್ನು ಶಪಿಸಿಯಾರು ಎಂದುಕೊಂಡಿದ್ದ. ಫಾತಿಮಾಬೀಯ ಕಿವಿಗೆ ಬಿದ್ದದ್ದು ಗಾಡಿ ಹೊರಳಿದ ದಿಕ್ಕು ಮಾತ್ರ.

ಅಂದಿನಿಂದ ಅವನು ಯಾರ ಮನೆಯಲ್ಲೂ ಬಿಟ್ಟಿ ತಿನ್ನುವುದನ್ನು ಬಿಟ್ಟ. ಬದುಕಿನಲ್ಲಿ ಅವನಿಗೆ ಉಳಿದದ್ದು ಒಂದೇ ಆಸೆ: ಅತ್ತೆ ತನ್ನ ಕೈಯಿಂದ ಒಂದು ತುತ್ತು ತಿನ್ನಬೇಕು. ಹೊಳಿಯಮ್ಮ ಒಮ್ಮೆ ಅವನ ಪರವಾಗಿ ಮಾತಾಡಲು ಹೋದಳು. ಫಾತಿಮಾಬೀ ಸಿಟ್ಟಾಗಲಿಲ್ಲ. ಅಕ್ಕಿ ಆರಿಸುತ್ತಲೇ ಹೇಳಿದಳು:

"ಆ ಫೌಜಿನವರು ಪರರು, ಅವರ ಮ್ಯಾಲೆ ನನಗ್ಯಾಕ ಸಿಟ್ಟು? ಬಾಜೂಕ ಬಡವರ ದವಾಖಾನಿ ಇತ್ತವ್ವ. ಇವನಿಗೆ ದೊಡ್ಡವರ ಬಾಗಲ ಬೇಕಾಗಿತ್ತು."

ವರ್ಷಗಳು ಹೋದವು. ಟಿವಿಯಲ್ಲಿ ಆ ಒಕ್ಕೂಟದವರೂ ಈ ಕೂಟದವರೂ ಆಗಾಗ ಒಂದೇ ಮೇಜಿಗೆ ಕೂತು ನಗುತ್ತಿದ್ದರು. ಮತ್ತೆ ಕೆಲವು ದಿನಕ್ಕೆ, ನಮ್ಮ ಕಾವಲು ನಾವೇ ಕಾಯ್ದುಕೊಳ್ಳುತ್ತೇವೆ ಎಂದು ಒಕ್ಕೂಟದವರು ಮುಖ ಊದಿಸಿಕೊಳ್ಳುತ್ತಿದ್ದರು. ಚಹಾದ ಅಂಗಡಿಯ ಗಾಳೆಪ್ಪ ಬಿಡುತ್ತಿರಲಿಲ್ಲ.

"ಶಫೀಸಾಬ, ನಿನ್ನ ಬೀಗರು ಬಂದಾರ ನೋಡು. ಕೈ ಕೈ ಹಿಡಕೊಂಡಾರ."

"ಕೈ ಹಿಡಿಯಾಕ ಏನೂ ಅಡ್ಡಿ ಇಲ್ಲ ಗಾಳೆಪ್ಪ," ಎನ್ನುತ್ತಿದ್ದ ಅವನು. "ಬಾಗಲ ತೆಗಿಯಾಕಷ್ಟ ಅಡ್ಡಿ."

ಮೂರು ವರ್ಷದ ಹಿಂದಿನ ಬೇಸಿಗೆಯಲ್ಲಿ ಅವನ ಹಿಮನಾಡಿನ ಸಾಹೇಬ ಶಮೀನಾಳ ಫೋನಿಗೆ ವಿಡಿಯೋ ಕರೆ ಮಾಡಿದ. ಈದಿಗೆ ತಪ್ಪದೆ ಮಾಡುತ್ತಿದ್ದವನು, ಈಗ ನಿವೃತ್ತ. ರೊಟ್ಟಿ ಕೊಡಲು ಬಂದಿದ್ದ ಹೊಳಿಯಮ್ಮ ಅಲ್ಲೇ ಇದ್ದಳು, ಫಾತಿಮಾಬೀ ಬಾಗಿಲ ಸಂದಿಯಲ್ಲಿ ಕೂತಿದ್ದಳು. ಸಾಹೇಬನ ಮುಖದಲ್ಲಿ ಹಬ್ಬದ ಕಳೆ. ಅವನ ದೇಶ ಒಕ್ಕೂಟದಲ್ಲಿದ್ದರೂ ಇಷ್ಟು ವರ್ಷ ಫೌಜಿನ ಕೂಟಕ್ಕೆ ಸೇರಿರಲಿಲ್ಲ, ಈಗ ಅದಕ್ಕೂ ಸೇರಿತಂತೆ. ಪಕ್ಕದ ದೊಡ್ಡ ದೇಶದ ಹೆದರಿಕೆ ಇನ್ನಿಲ್ಲವೆಂದ. ಶಫೀಸಾಬ ಮುಬಾರಕ್ ಹೇಳಿದ. ಆಮೇಲೆ ತನ್ನ ಅಡುಗೆಮನೆಯ ಇಂಗ್ಲಿಷಿನಲ್ಲಿ ಒಂದು ಮಾತು ಕೇಳಿದ. ಸಾಹೇಬ ಕನ್ನಡಕ ತೆಗೆದ, ಬಹಳ ಹೊತ್ತು ಒರೆಸಿದ, ಸಣ್ಣದಾಗಿ ಏನೋ ಹೇಳಿದ.

ಫೋನು ಇಟ್ಟ ಮೇಲೆ ಶಫೀಸಾಬ ಅತ್ತೆಯ ಕಡೆ ತಿರುಗಿದ. "ಇವತ್ತ ನಜೀಬನ್ನ ಒಯ್ದರ ಆ ಬಾಗಲ ತೆಗೀತಾರೇನಂತ ಕೇಳಿದೆ ಅಮ್ಮಾ. ತನಗ ತೆಗೀತಾರ ಅಂದ. ನಮ್ಮಂಥವರಿಗೆ ತೆಗೀತಾರೋ ಇಲ್ಲೋ ಗೊತ್ತಿಲ್ಲ ಅಂದ."

"ಅವನು ಖರೇ ಮನಿಷಾ," ಎಂದಳು ಫಾತಿಮಾಬೀ. ಎದ್ದು ಒಳಗೆ ಹೋದಳು.

ಮುಂದಿನ ಚಳಿಗಾಲ ಆಕೆ ಹಾಸಿಗೆ ಹಿಡಿದಳು. ಕೊಪ್ಪಳದ ಆಸ್ಪತ್ರೆಗೆ ಸೇರಿಸಿದರು. ಶಫೀಸಾಬ ನುಚ್ಚಿನ ಗಂಜಿ ಕಾಯಿಸಿ ಡಬ್ಬಿಯನ್ನು ಹೊಳಿಯಮ್ಮನ ಕೈಗೆ ಕೊಟ್ಟ. ತಾನು ಮೆಟ್ಟಿಲ ಮೇಲೆ ಕೂತ. ಆಕೆ ಕೇಳದಿದ್ದರೆ ಏನೂ ಹೇಳಬೇಡ, ಕೇಳಿದರೆ ಸುಳ್ಳು ಬೇಡ ಎಂದಷ್ಟೇ ಹೇಳಿದ. ಹೊಳಿಯಮ್ಮ ತಲೆಯೆತ್ತಿ ಹಿಡಿದು ಚಮಚ ತುಟಿಗೆ ತಂದಳು. ಫಾತಿಮಾಬೀ ಮೂಸಿ ನೋಡಿದಳು.

"ಯಾರ ಕೈಯಿಂದು?"

"ನಿನ್ನ ಅಳಿಯಂದು."

ಆಕೆ ತುಟಿ ಬಿಗಿದುಕೊಂಡಳು. ಹೊಳಿಯಮ್ಮ ತುಂಬಿದ ಡಬ್ಬಿಯನ್ನೇ ತಂದು ಅವನಿಗೆ ಕೊಟ್ಟಳು. ಅವನು ಮುಚ್ಚಳ ತೆಗೆದು ನೋಡಿದ, ಮುಚ್ಚಿದ. ಎರಡು ದಿನಕ್ಕೆ ಆಕೆ ತೀರಿಕೊಂಡಳು. ಮಣ್ಣಿಗೆ ಬಂದವರಿಗೆಲ್ಲ ಅವನೇ ಅಡುಗೆ ಮಾಡಿದ. ಎಲ್ಲರೂ ಹೊಟ್ಟೆ ತುಂಬ ಉಂಡು, ಅವನ ಕೈರುಚಿ ಹೊಗಳಿ ಹೋದರು.

ಅತ್ತೆಯ ನಲವತ್ತನೆಯ ದಿನದ ಫಾತಿಹಾ ಮುಗಿದ ಮೇಲೆ ಶಫೀಸಾಬ ರೊಟ್ಟಿ ಮನೆಗೆ ಬಂದ. ಆ ವಾರವೇ ಅವನಿಗೆ ಲಕ್ವ ಹೊಡೆದು ಮಾತು ನಿಂತಿತು, ತಿಂಗಳೊಳಗೆ ಅವನನ್ನೂ ನಜೀಬನ ಪಕ್ಕದಲ್ಲೇ ಇಟ್ಟುಬಂದರು. ಹಾಗಾಗಿ ಹೊಳಿಯಮ್ಮ ಅವನ ಬಾಯಿಂದ ಕೇಳಿದ್ದು ಆ ದಿನದ ಮಾತೇ ಕೊನೆ. ಆರ್ಡರೇನೂ ಇರಲಿಲ್ಲ. ಸುಮ್ಮನೆ ಕೂತು ಅವಳು ರೊಟ್ಟಿ ಬಡಿಯುವುದನ್ನು ನೋಡಿದ. ಹಂಚಿನ ಮೇಲಿನದು ಉಬ್ಬಿ ಇಳಿಯುವವರೆಗೂ ಕಾದ.

"ಖರೇ ಹೇಳು ಅಕ್ಕಾ," ಎಂದ. "ಊರ ದವಾಖಾನಿ ಬಾಜೂಕ ಐತಿ, ಅಲ್ಲಿ ನಿನ್ನ ಕೈಯಾಗ ಉಂಡವರು ಒಬ್ಬರೂ ಇಲ್ಲ. ನೀನಾಗಿದ್ದರ ಗಾಡಿ ಯಾವ ಕಡಿ ಹೊಳ್ಳಸ್ತಿದ್ದಿ?"