ಬಾವಿ ಕಡೆಯ ಪಾಲು ಗೆದ್ದ ಕಾರು

ಇಪ್ಪತ್ತು ವರ್ಷ ಹಳೆಯದಾದ ಕಾರ್ ರೇಸ್ ಆಟವೊಂದನ್ನು ನಾನು ಈಗಲೂ ಆಡುತ್ತೇನೆ. ಶೆಟ್ಟಿಹಳ್ಳಿಯ ಮನೆಯಲ್ಲಿ ಅದಕ್ಕೆಂದೇ ಒಂದು ಮುದಿ ಕಂಪ್ಯೂಟರ್ ಇದೆ, ಸ್ಟೇರಿಂಗ್ ಇದೆ, ಪೆಡಲ್ ಇದೆ. ಅಮೆರಿಕದ ದಪ್ಪ ಕಾರುಗಳು ಮೊಟ್ಟೆಯಾಕಾರದ ಟ್ರ್ಯಾಕಿನಲ್ಲಿ ಇನ್ನೂರು ಸುತ್ತು ಎಡಕ್ಕೇ ತಿರುಗುತ್ತವೆ. "ಏನ್ರೀ ಇದು, ಗಾಣದೆತ್ ತಿರುಗ್ದಂಗೆ," ಎನ್ನುತ್ತಾಳೆ ಹೆಂಡತಿ. ಹಿರೇಹಳ್ಳಿ ಫ್ಯಾಕ್ಟರಿಯಲ್ಲಿ ವಾರವೆಲ್ಲ ನಾನು ತಿರುಗುವುದೂ ಹಾಗೆಯೇ. ಅದಕ್ಕೆ ಮಾತ್ರ ಅವಳ ತಕರಾರಿಲ್ಲ.

ಈಗಿನ ಆಟಗಳನ್ನು ಕಂಡರೆ ನನಗಾಗುವುದಿಲ್ಲ. ಗೋಡೆಗೆ ಗುದ್ದಿದರೆ ಬಟನ್ ಒತ್ತಿ ಹಿಂದಕ್ಕೆ ಹೋಗಬಹುದು, ಏನೂ ಆಗಿಲ್ಲವೆಂಬಂತೆ ಓಡಿಸಬಹುದು. ಈ ಹಳೆಯದರಲ್ಲಿ ಆ ದಾಕ್ಷಿಣ್ಯವಿಲ್ಲ. ಟಯರ್ ಸವೆದರೆ ಸವೆಯಿತು, ಕಾರು ಹೋದರೆ ಹೋಯಿತು.

ಆಟ ತಂದವನು ನನ್ನಣ್ಣ. ಎರಡು ಕಂಪ್ಯೂಟರಿಗೆ ಕೇಬಲ್ ಹಾಕಿ ಭಾನುವಾರವೆಲ್ಲ ಆಡುತ್ತಿದ್ದೆವು. ಅಪ್ಪ ತೀರಿಕೊಂಡ ಮೇಲೆ ಅಮೃತೂರಿನ ತೆಂಗಿನ ತೋಟ ಭಾಗವಾಗಬೇಕಾಯಿತು. ದೇವರ ಮುಂದೆ ಚೀಟಿ ಎತ್ತಿಸುವುದು ನಮ್ಮಲ್ಲಿ ಪದ್ಧತಿ. ನಮಗೆ ಅದು ಹಳೇಕಾಲದ್ದು ಅನ್ನಿಸಿತು. ಗೆದ್ದವನಿಗೆ ಬಾವಿ ಇರುವ ಪಾಲು ಎಂದು ಮಾತಾಡಿಕೊಂಡು ರೇಸಿಗೆ ಕೂತೆವು. ಅಂಥ ದಡ್ಡರು. ಕೊನೇ ಸುತ್ತಿನಲ್ಲಿ ಅವನು ಮುಂದಿದ್ದ. ನನ್ನ ಕಾರು ಹಿಂದಿನಿಂದ ತಾಗಿತು, ಅವನದು ಗೋಡೆಗೆ ಹೋಯಿತು, ನಾನು ಗೆದ್ದೆ. ಅವನು ಆಡಿದ ಮಾತಿನಂತೆ ಪಾಲುಪತ್ರಕ್ಕೆ ಸಹಿ ಹಾಕಿದ. ಅಂದಿನಿಂದ ನನ್ನೊಂದಿಗೆ ಮಾತು ಬಿಟ್ಟ.

ಗೊತ್ತಾಗದೆ ತಾಗಿದ್ದು ಎಂದು ನೆಂಟರಿಗೆಲ್ಲ ಹೇಳಿದೆ. ಆದರೆ ಆಡಿದ ರೇಸು ಕಂಪ್ಯೂಟರಿನಲ್ಲಿ ಹಾಗೆಯೇ ಉಳಿದಿದೆ, ಯಾವ ಪೆಡಲನ್ನು ಯಾವಾಗ ತುಳಿದೆ ಎಂಬುದೂ ಕಾಣುತ್ತದೆ. ನೂರು ಸಲ ನೋಡಿದ್ದೇನೆ. ಆ ತಿರುವಿನಲ್ಲಿ ಯಾರೇ ಆದರೂ ಆಕ್ಸಿಲರೇಟರ್ ಮೇಲಿಂದ ಕಾಲೆತ್ತುತ್ತಾರೆ. ನಾನು ಎತ್ತಿಲ್ಲ.

ಹೋದ ವರ್ಷ ಪಿತೃಪಕ್ಷದಲ್ಲಿ ಅಣ್ಣನ ಮನೆಯಲ್ಲಿ ಎಡೆ ಇಟ್ಟೆವು. ಹಿರಿಯರು ಬಂದು ಉಣ್ಣಲಿ ಎಂದು ಕೋಣೆಯ ಬಾಗಿಲು ಮುಚ್ಚಿ ಎಲ್ಲರೂ ಹೊರಗೆ ಕೂತೆವು. ಎಷ್ಟೋ ವರ್ಷಗಳ ಮೇಲೆ ಅಣ್ಣ ನನ್ನತ್ತ ತಿರುಗಿದ.

"ಇನ್ನೂ ಆಡ್ತೀಯೇನ್ಲಾ ಅದ್ನ?"

"ಹೂಂ ಕಣಣ್ಣ."

"ಯಾರ್ ಜೊತೆ?"

"ಒಬ್ನೇ."

"ಒಳ್ಳೇದಾಯ್ತು ಬುಡು. ಯಾರ್ಗೂ ಗುದ್ದಂಗಿಲ್ಲ."

ಬೇಕಂತಲೇ ಗುದ್ದಿದೆ ಎಂದು ಒಪ್ಪಿಕೊಳ್ಳಲು ಇದಕ್ಕಿಂತ ಒಳ್ಳೆಯ ಗಳಿಗೆ ಸಿಗುವುದಿಲ್ಲವೆಂದು ನನಗೆ ಗೊತ್ತಿತ್ತು. ಬಾಯಿ ಬಿಡಲಿಲ್ಲ. ಅಷ್ಟರಲ್ಲಿ ಊಟಕ್ಕೆ ಕರೆದರು. ಅವನ ಪಕ್ಕದಲ್ಲೇ ಕೂತು, ಎರಡು ಸಲ ಬಡಿಸಿಕೊಂಡು ಉಂಡೆ.