ಬರ್ಮಾ ಯುದ್ಧದ ಪುಸ್ತಕದಲ್ಲಿ ಸೋದರಮಾವ

ಎರಡನೇ ಮಹಾಯುದ್ಧದ ಪುಸ್ತಕಗಳೆಂದರೆ ನನಗೆ ಹುಚ್ಚು. ಒಮ್ಮೆ ಹಳೆಯ ಪುಸ್ತಕದಂಗಡಿಯಿಂದ ಬರ್ಮಾ ಯುದ್ಧದ ಚಿತ್ರಗಳಿದ್ದ ದಪ್ಪ ಪುಸ್ತಕವೊಂದನ್ನು ತಂದೆ. ತೊಂಬತ್ತು ದಾಟಿದ ಅಮ್ಮ ಹಾಳೆ ತಿರುವುತ್ತಿದ್ದವಳು ಇದ್ದಕ್ಕಿದ್ದಂತೆ ಕೂಗಿಕೊಂಡಳು: "ನಮ್ಮಣ್ಣ ಕಣೋ!"

ನದಿಯಲ್ಲಿ ಮೀಯುತ್ತಿದ್ದ ಸಿಪಾಯಿಗಳ ನಡುವೆ, ಬಕೆಟ್ಟನ್ನು ಟೋಪಿಯಂತೆ ಇಟ್ಟುಕೊಂಡು ಕೈಬೀಸುತ್ತಿದ್ದವರು ನನ್ನ ಸೋದರಮಾವ. ಆ ಕೈಗೆ, ಮಾವನಿಗಿದ್ದಂತೆಯೇ, ಆರು ಬೆರಳು! ಬರ್ಮಾಕ್ಕೆ ಹೋಗಿದ್ದೆನೆಂದು ಅವರು ಸಾಯುವವರೆಗೂ ಹೇಳುತ್ತಿದ್ದರು. ನಾವೆಲ್ಲ ಬುರುಡೆ ಎಂದುಕೊಂಡಿದ್ದೆವು.

ಕೂಡಲೇ ಆಟೋ ಹಿಡಿದು ಕುಂಬಾರಕೊಪ್ಪಲಿನಲ್ಲಿದ್ದ ಅವರ ಮಗಳ ಮನೆಗೆ ಹೋದೆವು. ಅವಳು ಚಿತ್ರವನ್ನು ಕಣ್ಣಿಗೊತ್ತಿಕೊಂಡು, "ಅಪ್ಪ ಹೇಳ್ದಾಗೆಲ್ಲ ನಾನೇ ನಕ್ಬುಟ್ಟಿದ್ನಲ್ಲ, ಅತ್ತೆ!" ಎಂದಳು. ಅತ್ತೆಸೊಸೆಯರು ತಬ್ಬಿಕೊಂಡು ಅಳುತ್ತಲೇ ನಕ್ಕರು. ಬೀದಿಯ ಮನೆಮನೆಗೂ ಪುಸ್ತಕ ತೋರಿಸಿದ ಮೇಲೆಯೇ ಅಮ್ಮ ಕಾಫಿ ಕುಡಿದದ್ದು.