ಉಡಿ ಝಾಡಿಸುವ ಗೇಟು

ಆಗ ನಮ್ಮೂರನ್ನು ಗುಲಬರ್ಗಾ ಎನ್ನುತ್ತಿದ್ದರು, ನನ್ನನ್ನು ‘ಬೆಂಕಿ’ ಎನ್ನುತ್ತಿದ್ದರು. ಹತ್ತು ವರ್ಷದ ಹುಡುಗಿ ನಾನು. ನೆಹರು ಗಂಜ್ ಎಂಬ ಕಾಳಿನ ಪೇಟೆಯಲ್ಲಿ ಹಮಾಲಿ ಮಾಡುತ್ತಿದ್ದ ಅಪ್ಪನ ಗೆಳೆಯರ ಚಪ್ಪಲಿಗಳನ್ನೆಲ್ಲ ಜೋಡಿ ತಪ್ಪಿಸಿ ಇಟ್ಟವಳು, ಸಾವಕಾರನ ಗಾದಿಯ ಕೆಳಗೆ ಕಪ್ಪೆ ಬಿಟ್ಟವಳು. ನೀವೂ ಚಿಕ್ಕಂದಿನಲ್ಲಿ ಕಿಡಿಗೇಡಿಗಳೇ ಆಗಿದ್ದಿರಿ, ಗೊತ್ತು. ನನ್ನ ಮಟ್ಟಕ್ಕೆ ಬರಲಿಕ್ಕಿಲ್ಲ ಬಿಡಿ.

ಅವ್ವ ದಾಲ್ ಮಿಲ್ಲಿನಲ್ಲಿ ಬೇಳೆ ಹಸನು ಮಾಡುತ್ತಿದ್ದಳು. ಸಾಲಾಗಿ ಮೊರ ಹಿಡಿದು ಕೂತ ಹೆಂಗಸರ ರೆಪ್ಪೆಯ ಮೇಲೂ ತೊಗರಿ ಹೊಟ್ಟಿನ ಧೂಳು. ಶಾಲೆ ಬಿಟ್ಟ ಮೇಲೆ ನಾನು ಗೇಟಿನ ಹೊರಗೆ ಕುಂಟೆಬಿಲ್ಲೆ ಆಡುತ್ತ ಅವಳಿಗೆ ಕಾಯುತ್ತಿದ್ದೆ. ಸಂಜೆ ಗೇಟಿನ ಒಂದೇ ಬಾಗಿಲು ತೆರೆಯುತ್ತಿತ್ತು. ಅಲ್ಲಿ ಮಿಲ್ಲಿನ ಲೆಕ್ಕ ಬರೆಯುವ ಮುನೀಮ ಸ್ಟೂಲಿನ ಮೇಲೆ ಕೂತು ‘‘ಹ್ಞೂಂ, ಝಾಡಸ್ರಿ’’ ಎನ್ನುತ್ತಿದ್ದ. ಒಬ್ಬೊಬ್ಬಳೂ ಅವನ ಮುಂದೆ ನಿಂತು ಸೊಂಟಕ್ಕೆ ಸಿಕ್ಕಿಸಿದ ಸೆರಗಿನ ಉಡಿ ಬಿಚ್ಚಿ, ಕೊಡವಿ ಝಾಡಿಸಿ, ಒಂದು ಕಾಳೂ ಕದ್ದಿಲ್ಲ ಎಂದು ತೋರಿಸಬೇಕು. ತವರಿನವರು ಅಕ್ಕಿ, ಹಣ್ಣು, ಕುಪ್ಪಸ ಹಾಕಿ ತುಂಬುವ ಉಡಿ ಅದು. ಮನೆ ಮುಟ್ಟುವವರೆಗೆ ಅವ್ವ ಸೆರಗನ್ನು ಮೈತುಂಬ ಬಿಗಿಯಾಗಿ ಸುತ್ತಿಕೊಂಡೇ ನಡೆಯುತ್ತಿದ್ದಳು.

ಬೆಳಿಗ್ಗೆ ಅವಳು ಖೂಬಾ ಪ್ಲಾಟ್ ಬಡಾವಣೆಯ ಒಂದು ಮನೆಯಲ್ಲಿ ಪಾತ್ರೆ ತಿಕ್ಕುತ್ತಿದ್ದಳು. ಆ ಮನೆಯ ಮಾಳಿಗೆಯ ಖೋಲಿಯಲ್ಲಿ ಎಂಜಿನಿಯರಿಂಗ್ ಓದಲು ಆಫ್ರಿಕಾದಿಂದ ಬಂದಿದ್ದ ಸ್ಯಾಮುವೆಲ್ ಇದ್ದ. ಅವನ ತಟ್ಟೆಯನ್ನೂ ನಮ್ಮವ್ವನ ಲೋಟವನ್ನೂ ಬಚ್ಚಲ ಹೊರಗಿನ ಒಂದೇ ಗೂಡಿನಲ್ಲಿ ಇಡುತ್ತಿದ್ದರು. ಪರಿಚಯವಾದದ್ದೇ ಹಾಗೆ.

ಒಂದು ಭಾನುವಾರ ನಾನು ಮೆಟ್ಟಿಲ ಮೇಲೆ ಕೂತು ಮುನೀಮನ ನಕಲು ಮಾಡುತ್ತಿದ್ದೆ. ಮನೆಯೊಡತಿಯೂ ನಕ್ಕಳು. ಸ್ಯಾಮುವೆಲ್ ನಗಲಿಲ್ಲ, ಪಾತ್ರೆ ತಿಕ್ಕುತ್ತಿದ್ದ ಅವ್ವನತ್ತ ತಿರುಗಿದ.

‘‘ಅವ್ವಾರ, ನಮ್ಮಪ್ಪನ ಗೇಟಿನ್ಯಾಗೂ ಹಿಂಗೇ ಇತ್ತು ರೀ’’ ಎಂದ. ಅವನ ಕನ್ನಡ ಗಂಜಿನಲ್ಲೇ ಕಲಿತದ್ದು.

ಅವನ ಅಪ್ಪ ವಜ್ರದ ಗಣಿಯ ಕೂಲಿ. ದಿನಾ ಸಂಜೆ ಬಿಳಿಯರು ಗಂಡಸರ ಬಟ್ಟೆ ಬಿಚ್ಚಿಸಿ, ಬಾಯಿಯೊಳಗೂ ಬೆರಳಿಟ್ಟು ನೋಡುತ್ತಿದ್ದರಂತೆ. ಒಂದು ಸಂಜೆ ಅವನು ಬಟ್ಟೆ ಬಿಚ್ಚುವುದಿಲ್ಲ ಎಂದು ಗೇಟಿನಲ್ಲೇ ಕೂತುಬಿಟ್ಟ. ಅಲ್ಲಿಂದ ಯೂನಿಯನ್ ಹುಟ್ಟಿತು, ಯೂನಿಯನ್ನಿನಿಂದ ಸ್ವಾತಂತ್ರ್ಯದ ಹೋರಾಟಕ್ಕೆ ಹೋದ. ಈಗ ಜೈಲಿನಲ್ಲಿದ್ದಾನೆ.

ಅವ್ವ ಕೇಳಿದ್ದು ಒಂದೇ ಮಾತು. ‘‘ಅವತ್ತ ನಿಮ್ಮಪ್ಪ ಒಬ್ಬರೇ ಕುಂತಿದ್ರೇನಪಾ?’’

‘‘ಮೊದಲ ಒಬ್ಬರೇ ರೀ.’’

ಆ ವಾರವೆಲ್ಲ ಅವ್ವ ಮೊರ ಆಡಿಸುತ್ತಲೇ ಹೆಂಗಸರ ಕಿವಿ ತುಂಬಿದಳು. ಸೋಮವಾರ ಎಲ್ಲರೂ ಗೇಟಿನ ಮುಂದೆ ನೆಲಕ್ಕೆ ಕೂಡುವುದೆಂದು ಗುಟ್ಟಾಗಿ ಮಾತಾಯಿತು. ಆದರೆ ನನಗೆಲ್ಲಿಯ ತಾಳ್ಮೆ? ಶನಿವಾರ ಮಧ್ಯಾಹ್ನ ಅವ್ವನಿಗೆ ಬುತ್ತಿ ಕೊಡಲು ಹೋದವಳು, ಅವಳು ಮೈಮರೆತು ಮಾತಾಡುವಾಗ ಉಡಿಯ ಮಡಿಕೆಯಲ್ಲಿ ಖಾರದ ಪುಡಿ ಸುರಿದು ಬಂದೆ. ಸಂಜೆ ಅವಳು ಝಾಡಿಸಿದ್ದೇ ತಡ, ಮುನೀಮ ಕಣ್ಣು ಮುಚ್ಚಿಕೊಂಡು ಸ್ಟೂಲ್ ಸಮೇತ ಬಿದ್ದ. ನಾನು ಕುಣಿದೆ. ಇಡೀ ಗಂಜು ನಕ್ಕಿತು.

ಅವ್ವನ ಕೆಲಸ ಅಲ್ಲೇ ಹೋಯಿತು. ಮಗಳ ಹೆಸರು ಹೇಳಿದ್ದರೆ ಉಳಿಯುತ್ತಿತ್ತೇನೋ, ಹೇಳಲಿಲ್ಲ. ನನ್ನನ್ನು ಹೊಡೆಯಲೂ ಇಲ್ಲ. ಹೊಡೆದಿದ್ದರೆ ಇಷ್ಟು ವರ್ಷ ನೆನಪಿಡುತ್ತಿರಲಿಲ್ಲ. ಸೋಮವಾರ ಹೆಂಗಸರೆಲ್ಲ ಹೆದರಿ ತಲೆ ತಗ್ಗಿಸಿ ಒಳಗೆ ಹೋದರು. ಗೇಟಿನ ಹೊರಗೆ ಧೂಳಿನಲ್ಲಿ ಅವ್ವ ಒಬ್ಬಳೇ ಕೂತಳು. ಮರುದಿನ ಇನ್ನಿಬ್ಬರು ಬಂದು ಕೂತರು. ಅದರ ಮರುದಿನ ಹತ್ತು ಜನ.

ಆಗ ಮಿಲ್ಲಿನ ಸಾವಕಾರ ಕಮಲಾಪುರದಿಂದ ಲಾರಿ ತುಂಬ ಹೊಸ ಹೆಂಗಸರನ್ನು ತರಿಸಿದ. ಕಮಲಾಪುರ ಅವ್ವನ ತವರು ಎಂದು ಆ ಮೂರ್ಖನಿಗೆ ಯಾರು ಹೇಳಬೇಕು! ಲಾರಿಯಿಂದ ಮೊದಲು ಇಳಿದವಳು ನಮ್ಮಜ್ಜಿ. ಕೈಯಲ್ಲಿ ನನಗೆಂದು ತಂದ ಕೆಂಪು ಬಾಳೆಹಣ್ಣಿನ ಗಂಟು.

‘‘ಹೊರಗ್ಯಾಕ ಕುಂತೀ ನನ ಮಗಳ?’’

ಅವ್ವ ಹೇಳಿದಳು. ಅಜ್ಜಿ ಎಲ್ಲ ಕೇಳಿ ಸುಮ್ಮನೆ ಒಳಗೆ ಹೋದಳು. ನಾನು ಅವಳಿಗೂ ಖಾರ ಹಾಕಬೇಕೆಂದುಕೊಂಡೆ.

ಸಂಜೆ ಮುನೀಮ ‘‘ಝಾಡಸ್ರಿ’’ ಎಂದಾಗ ಅಜ್ಜಿ ಎರಡು ಬೊಗಸೆ ಬೇಳೆಯನ್ನು ಮೊರದಲ್ಲಿ ಹೊತ್ತುಕೊಂಡೇ ಅವನೆದುರು ಹಾದು ಬಂದಳು. ಅವ್ವನನ್ನು ಎಬ್ಬಿಸಿ ನಿಲ್ಲಿಸಿದಳು. ‘‘ಉಡಿ ಒಡ್ಡು’’ ಎಂದು ಆ ಬೇಳೆ ಸುರಿದು, ಮೇಲೆ ಕೆಂಪು ಬಾಳೆಹಣ್ಣಿಟ್ಟಳು.

‘‘ಏ ಮುದುಕಿ! ಕಳವು ಅದು!’’

‘‘ಹಾಡಾಹಗಲಿ ನಿನ್ನ ಕಣ್ಣ ಮುಂದ ತಂದೀನಿ, ಯಾವ ಕಳವೋ ಎಪ್ಪಾ? ಮಗಳು ಸಿಕ್ಕಾಳ, ಉಡಿ ತುಂಬಾಕತ್ತೀನಿ. ನಿಮ್ಮವ್ವನ ಉಡಿನೂ ಹಿಂಗೇ ಝಾಡಸ್ತೀಯೇನು?’’

ಅವಳ ಹಿಂದೆ ಕಮಲಾಪುರದವರು, ಅವರ ಹಿಂದೆ ನಮ್ಮವರು, ಯಾರೂ ಉಡಿ ಬಿಚ್ಚದೆ ಗೇಟು ದಾಟಿದರು. ತರಿಸಿದವರೂ ನಮ್ಮವರಾದ ಮೇಲೆ ಸಾವಕಾರ ಇನ್ಯಾರನ್ನು ತಂದಾನು? ಆ ಸ್ಟೂಲು ಮತ್ತೆ ಕಾಣಲಿಲ್ಲ. ಅವ್ವ ಮೊರ ಹಿಡಿದು ಮತ್ತೆ ಒಳಗೆ ಕೂತಳು.

ಸ್ಯಾಮುವೆಲ್ ಓದು ಮುಗಿಸಿ ಊರಿಗೆ ಹೋದ. ವರ್ಷಗಳ ನಂತರ ಅವನ ಪತ್ರ ಬಂತು. ಇಂಗ್ಲಿಷಿನದು, ಶಾಲೆಯ ಮಾಸ್ತರರು ಓದಿ ಹೇಳಿದರು. ದೇಶ ಸ್ವತಂತ್ರವಾಯಿತು, ಅವನ ಅಪ್ಪ ಮಂತ್ರಿಯಾದ, ಆದರೆ ಗಣಿಯ ಗೇಟಿನಲ್ಲಿ ಬಟ್ಟೆ ಬಿಚ್ಚಿಸುವುದು ನಿಲ್ಲಲಿಲ್ಲ. ಆ ಮಂತ್ರಿ ತನ್ನದೇ ಸರಕಾರದ ವಿರುದ್ಧ ಹೋಗಿ ಅದೇ ಗೇಟಿನಲ್ಲಿ ಮತ್ತೆ ಕೂತ. ಕುರ್ಚಿ ಹೋಯಿತು.

‘‘ಕೂಡೂದು ಮರೆತಿಲ್ಲ ಮನಿಷ್ಯಾ’’ ಎಂದು ಅವ್ವ ನಕ್ಕಳು.

ಈಗ ಊರು ಕಲಬುರಗಿ. ನನ್ನ ಮೊಮ್ಮಗಳು ದೊಡ್ಡದೊಂದು ಬಟ್ಟೆ ಅಂಗಡಿಯಲ್ಲಿ ಕೆಲಸಕ್ಕಿದ್ದಾಳೆ, ಗಾಜಿನ ಬಾಗಿಲು, ತಂಪು ಗಾಳಿ. ಮೊನ್ನೆ ಕಮಲಾಪುರದಿಂದ ಬರುತ್ತ ಅವಳಿಗೆ ಕೆಂಪು ಬಾಳೆಹಣ್ಣು ತಂದು, ಕೆಲಸ ಬಿಡುವ ಹೊತ್ತಿಗೆ ಹಿಂಬಾಗಿಲಲ್ಲಿ ನಿಂತೆ. ಹುಡುಗಿಯರು ಸಾಲಾಗಿ ಬಂದು ಕೈ ಎತ್ತಿ ನಿಂತರು. ಗಾರ್ಡು ಮೈ ತಡವಿ, ಚೀಲ ತಲೆಕೆಳಗು ಮಾಡಿ ನೋಡಿ ಬಿಟ್ಟಳು. ನನ್ನ ಕೈ ಸೊಂಟಕ್ಕೆ ಹೋಯಿತು. ಅಲ್ಲಿ ಖಾರದ ಪೊಟ್ಟಣ ಇತ್ತು, ಸುಳ್ಳು ಹೇಳುವುದಿಲ್ಲ.

‘‘ಯಾಕಬೇ, ನಿಮಗ ನಾಚಿಕಿ ಇಲ್ಲೇನು? ಒಬ್ಬರಾದ್ರೂ ಕುಂದರ್ರಿ ಇಲ್ಲಿ!’’

‘‘ಅಜ್ಜಿ, ಸುಮ್ನಿರು. ಮ್ಯಾಲ ಕ್ಯಾಮೆರಾ ಅದ. ನನ್ನ ಕೆಲಸ ಕಳೀಬ್ಯಾಡ.’’

ಕೆಲಸ ಕಳೆಯುವ ವಿದ್ಯೆ ನನಗೆ ಗೊತ್ತಿದ್ದದ್ದೇ. ಪೊಟ್ಟಣ ಮುಟ್ಟಲಿಲ್ಲ. ಹಣ್ಣು ಮುಂದೆ ಹಿಡಿದು ‘‘ಉಡಿ ಒಡ್ಡು’’ ಎಂದೆ. ಅವಳು ತನ್ನನ್ನೇ ನೋಡಿಕೊಂಡಳು. ಅಂಗಡಿಯವರು ಕೊಟ್ಟ ಶರ್ಟು, ಪ್ಯಾಂಟು. ಸೆರಗಿಲ್ಲ. ಜೇಬುಗಳ ಬಾಯಿಯನ್ನೂ ಹೊಲಿದುಬಿಟ್ಟಿದ್ದರು. ಎರಡೂ ಕೈ ಚಾಚಿದವಳು ಕ್ಯಾಮೆರಾ ನೋಡಿ ಹಿಂದೆಳೆದುಕೊಂಡಳು.

ನಾನು ಹಣ್ಣು ಮಡಿಲಲ್ಲಿಟ್ಟುಕೊಂಡು ಅಲ್ಲೇ ಬಾಗಿಲಲ್ಲಿ ಕೂತೆ. ಹುಡುಗಿಯರು ನನ್ನನ್ನು ಸುತ್ತಿ ಹಾದು ಮನೆಗೆ ಹೋದರು. ಒಂದಿಬ್ಬರು ಫೋನಿನಲ್ಲಿ ಫೋಟೊ ತೆಗೆದರು. ನನ್ನ ಪಕ್ಕ ಯಾರೂ ಕೂಡಲಿಲ್ಲ.